ರೇಯಾಂಶ್ ಎಂದರೆ ವಿಷ್ಣುವಿನ ಅಂಶವೇ?

ಸಂಪಾದಕರಿಗೆ,

ಮಾನ್ಯರೇ,

ಕಳೆದ ತಿಂಗಳು ನಿಮ್ಮ ಭಾನುವಾರದ ಪುರವಣಿಯಲ್ಲಿ ಗಂಡುಮಕ್ಕಳಿಗೆ ಇಡಬಹುದಾದ ಹೊಸ ಹೆಸರುಗಳ ಒಂದು ಪಟ್ಟಿ ಬಂದಿತ್ತು. ಅದರಲ್ಲಿ ‘ರೇಯಾಂಶ್: ವಿಷ್ಣುವಿನ ಅಂಶ, ಸೂರ್ಯನ ಮೊದಲ ಕಿರಣ, ಸಂಸ್ಕೃತ ಮೂಲ’ ಎಂದಿತ್ತು. ಬೇರೆ ಯಾವ ಹೆಸರಾಗಿದ್ದರೂ ಬಹುಶಃ ಓದಿ ಪುಟ ತಿರುವುತ್ತಿದ್ದೆ. ಆದರೆ ರೇಯಾಂಶ್ ನನ್ನ ಮಗಳ ಮಗನ ಹೆಸರು. ಎರಡನೇ ತರಗತಿಯ ಆ ಹುಡುಗನಿಗೆ ಅದೇ ವಾರ ಶಾಲೆಯಲ್ಲಿ ‘ನನ್ನ ಹೆಸರು, ಅದರ ಅರ್ಥ’ ಎಂದು ಐದು ಸಾಲು ಬರೆದು ತರಲು ಹೇಳಿದ್ದರು. ನಿಮ್ಮ ಪುಟವನ್ನೇ ಹಿಡಿದುಕೊಂಡು ನನ್ನ ಹತ್ತಿರ ಬಂದ. “ಅಜ್ಜಿ, ಇದ್ರಲ್ಲಿ ಎರಡು ಅರ್ಥ ಕೊಟ್ಟಿದ್ದಾರೆ. ವಿಷ್ಣುನೂ ಸೂರ್ಯನ ಕಿರಣಾನೂ ಒಂದೇನಾ? ಯಾವುದು ಬರೀಲಿ?” ಅಂದ.

ಪ್ರೌಢಶಾಲೆಯಲ್ಲಿ ಮೂವತ್ತನಾಲ್ಕು ವರ್ಷ ಕನ್ನಡ ಹೇಳಿಕೊಟ್ಟವಳು ನಾನು. ಕೇಳಿದ ಪದಕ್ಕೆ ಅರ್ಥ ಹೇಳುವುದು ನನ್ನ ಕಸುಬೇ ಆಗಿತ್ತು. ಆದರೂ ಅವತ್ತು ಬಾಯಿ ಬರಲಿಲ್ಲ. “ಎರಡು ದಿನ ತಾಳು, ನೋಡಿ ಹೇಳ್ತೀನಿ” ಅಂದೆ. ನಾಮಕರಣದ ದಿನವೇ ನನಗೆ ಈ ಹೆಸರಿನ ಬಗ್ಗೆ ಅನುಮಾನವಿತ್ತು; ಬಾಣಂತಿಯ ಸಂತೋಷಕ್ಕೆ ಅಡ್ಡ ಬರಬಾರದೆಂದು ಸುಮ್ಮನಿದ್ದೆ. ಏಳು ವರ್ಷ ತಳ್ಳಿಕೊಂಡು ಬಂದ ಪ್ರಶ್ನೆಯನ್ನು ಮೊಮ್ಮಗ ನೇರವಾಗಿ ತಂದು ಮುಂದಿಟ್ಟ.

ಮೊದಲು ಅರ್ಧ ಭಾಗ. ‘ಅಂಶ’ದಲ್ಲಿ ತೊಡಕಿಲ್ಲ, ಪಾಲು, ಭಾಗ ಎಂದು ಎಲ್ಲರಿಗೂ ಗೊತ್ತು. ತೊಡಕೆಲ್ಲ ‘ರೇಯ’ದಲ್ಲಿ. ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟು ನಮ್ಮೂರ ಗ್ರಂಥಾಲಯದಲ್ಲಿದೆ. ಅಲ್ಲಿ ಕೂತು ‘ರೇ’ ತೆಗೆದೆ. ರೇಖೆ ಇದೆ, ರೇಗು ಇದೆ, ರೇಜಿಗೆ, ರೇಣು, ರೇವು, ರೇಷ್ಮೆ ಎಲ್ಲ ಇವೆ. 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟೆಲ್ ಅವರ ನಿಘಂಟು ನೋಡಿದೆ. ಆಮೇಲೆ ಮೋನಿಯರ್ ವಿಲಿಯಮ್ಸ್ ಅವರ ಸಂಸ್ಕೃತ ನಿಘಂಟು. ವಿಷ್ಣು ಎಂಬ ಅರ್ಥ ಕೊಡುವ ‘ರೇಯ’ ನನಗೆ ಎಲ್ಲೂ ಸಿಗಲಿಲ್ಲ.

ವಿಷ್ಣುವಿನ ಹೆಸರು ಹುಡುಕುವವರು ಕೊನೆಗೆ ಹೋಗಬೇಕಾದ ಜಾಗ ಒಂದೇ. ಭೀಷ್ಮರು ಶರಶಯ್ಯೆಯ ಮೇಲಿಂದ ಯುಧಿಷ್ಠಿರನಿಗೆ ಹೇಳಿದ ಸಹಸ್ರನಾಮ ಬಾಯಿಪಾಠವಿದ್ದರೂ ಆ ಸಂಜೆ ಪುಸ್ತಕ ತೆಗೆದು, ಒಂದೊಂದು ಹೆಸರಿನ ಕೆಳಗೂ ಬೆರಳಿಟ್ಟು ಓದಿದೆ. ‘ರೇಯ’ ಬರಲಿಲ್ಲ. ಬಂದದ್ದು ಬೇರೆ. ‘ಶ್ರೀಧರಃ ಶ್ರೀಕರಃ ಶ್ರೇಯಃ’ ಎಂಬಲ್ಲಿ ಬೆರಳು ನಿಂತಿತು. ಎಷ್ಟು ಸಾವಿರ ಸಲ ಈ ಸಾಲನ್ನು ಹೇಳಿದ್ದೇನೋ, ಅವತ್ತು ಮೊದಲ ಸಲ ಕೇಳಿಸಿಕೊಂಡ ಹಾಗಾಯಿತು. ಶ್ರೇಯ ವಿಷ್ಣುವಿನ ಹೆಸರು. ಶ್ರೇಯ, ಅಂಶ ಸೇರಿದರೆ ಸವರ್ಣದೀರ್ಘ ಸಂಧಿಯಾಗಿ ಶ್ರೇಯಾಂಶ. ಅದರ ಮುಂದಿನ ‘ಶ್’ ಉದುರಿದರೆ?

ಇದು ನನ್ನ ಊಹೆ, ಊಹೆಯೆಂದೇ ಓದಿಕೊಳ್ಳಬೇಕು. ಆದರೆ ಆಧಾರವಿಲ್ಲದ ಊಹೆಯಲ್ಲ. ನನ್ನ ಜೊತೆ ಪಾಠ ಮಾಡುತ್ತಿದ್ದ ಜೈನ ಗೆಳತಿಗೆ ಫೋನ್ ಮಾಡಿದೆ. ಅವಳು ಹೇಳಿದಳು: “ನಮ್ಮಲ್ಲಿ ಶ್ರೇಯಾಂಸ ಅಂತ ಹಳೇ ಹೆಸರಿದೆ ಕಣೆ. ಆದರೆ ಅದು ಸಕಾರ, ಶಕಾರ ಅಲ್ಲ.” ಹನ್ನೊಂದನೆಯ ತೀರ್ಥಂಕರರು ಶ್ರೇಯಾಂಸನಾಥರು. ಸುಮಾರು ಒಂದು ವರ್ಷ ನಿರಾಹಾರಿಯಾಗಿದ್ದ ಆದಿನಾಥನಿಗೆ, ಅಂದರೆ ಮೊದಲನೆಯ ತೀರ್ಥಂಕರರಿಗೆ, ಮೊದಲು ಕಬ್ಬಿನ ಹಾಲು ಕೊಟ್ಟ ಹಸ್ತಿನಾಪುರದ ರಾಜಕುಮಾರನ ಹೆಸರೂ ಶ್ರೇಯಾಂಸ. ಇದು ‘ಶ್ರೇಯಸ್’ ಶಬ್ದದಿಂದಲೇ ಬಂದದ್ದು. ಗೀತೆಯ ‘ಶ್ರೇಯಾನ್ ಸ್ವಧರ್ಮೋ ವಿಗುಣಃ’ ನೆನಪಿಸಿಕೊಳ್ಳಿ. ಅದೇ ಶಬ್ದ ದ್ವಿವಚನದಲ್ಲಿ ಶ್ರೇಯಾಂಸೌ, ಬಹುವಚನದಲ್ಲಿ ಶ್ರೇಯಾಂಸಃ. ‘ಅಂಶ’ಕ್ಕೂ ಅದಕ್ಕೂ ನಂಟೇ ಇಲ್ಲ. ಅರ್ಥ: ಹೆಚ್ಚು ಒಳ್ಳೆಯವನು, ಮೇಲಾದವನು.

ಶ್ರೇಯಾಂಸ ಎಂಬ ಹಳೆಯ ಹೆಸರನ್ನು ಯಾರೋ ಶ್ರೇಯಾಂಶ್ ಎಂದು ಕೇಳಿಸಿಕೊಂಡಿರಬೇಕು. ಕೇಳಿಸಿಕೊಂಡ ಮೇಲೆ ಅದರಲ್ಲಿ ‘ಅಂಶ’ ಕಾಣಿಸಿರಬೇಕು. ದಿವ್ಯಾಂಶ್, ಶಿವಾಂಶ್, ಪ್ರಿಯಾಂಶ್ ಎಂದು ಆ ಬಾಲ ಹಿಡಿದ ಹೆಸರುಗಳು ಒಂದರ ಹಿಂದೊಂದು ಬಂದಿರುವ ಕಾಲ ಇದು. ಆ ಗುಂಪಿನಲ್ಲಿ, ಮೊದಲಕ್ಷರ ಕಳಚಿಕೊಂಡು, ರೇಯಾಂಶ್ ಹುಟ್ಟಿದೆ. ವಿಷ್ಣುವಿನ ಅಂಶ ಎಂಬ ಅರ್ಥ ಹಳೆಯ ಶ್ರೇಯದಿಂದ ಜಾರಿ ಬಂದು ಇದರ ಮೇಲೆ ಕೂತಿದೆ ಎಂದು ನನಗೆ ತೋರುತ್ತದೆ.

ಇನ್ನು ಸೂರ್ಯನ ಕಿರಣ. ಕಿರಣಕ್ಕೆ ಇಂಗ್ಲಿಷಿನಲ್ಲಿ ‘ರೇ’ ಅನ್ನುತ್ತಾರೆ. ಲ್ಯಾಟಿನ್ನಿನ ‘ರೇಡಿಯಸ್’ ಫ್ರೆಂಚ್ ದಾರಿಯಲ್ಲಿ ಸವೆದು ಆದ ಪದ ಅದು. ಸಂಸ್ಕೃತ ಮೂಲ ಎಂದು ಅಚ್ಚು ಹಾಕಿಸಿ, ಅರ್ಥವನ್ನು ಇಂಗ್ಲಿಷಿನಿಂದ ತೆಗೆದರೆ ಹೇಗೆ? ಬೇಸರ ತರುವ ಸಂಗತಿ ಏನೆಂದರೆ, ಕಿರಣ ಬೇಕಾಗಿದ್ದರೆ ಸಂಸ್ಕೃತದಲ್ಲೇ ಅದು ಪಕ್ಕದಲ್ಲೇ ಇತ್ತು. ಅಂಶ ಬೇರೆ, ಅಂಶು ಬೇರೆ. ಅಂಶು ಎಂದರೆ ಕಿರಣ. ಸಂಸ್ಕೃತದ ಹಳೆಯ ಪದಕೋಶವಾದ ಅಮರಕೋಶದಲ್ಲಿ ಕಿರಣ, ಉಸ್ರ, ಮಯೂಖದ ಜೊತೆಗೇ ಅಂಶು ಬರುತ್ತದೆ. ತಣ್ಣನೆಯ ಕಿರಣದ ಚಂದ್ರ ಹಿಮಾಂಶು, ಸುಧಾಂಶು. ಸಗರನ ಮೊಮ್ಮಗ ಅಂಶುಮಂತ. ಸಹಸ್ರನಾಮದಲ್ಲಿ ವಿಷ್ಣುವಿಗೇ ಸಹಸ್ರಾಂಶು ಎಂಬ ಹೆಸರಿದೆ, ಚಂದ್ರಾಂಶು ಎಂಬ ಹೆಸರಿದೆ. ವಿಷ್ಣು, ಕಿರಣ ಎರಡೂ ಒಟ್ಟಿಗೆ ಬೇಕೆನ್ನುವ ತಂದೆತಾಯಿಗೆ ಇದಕ್ಕಿಂತ ಏನು ಬೇಕು!

ಈ ಹುಡುಕಾಟದಲ್ಲಿ ಒಂದು ಮಾತನ್ನು ಮುಚ್ಚಿಡಬಾರದು. ನನಗೆ ಪರಿಚಯದ ಸಂಸ್ಕೃತ ವಿದ್ವಾಂಸರೊಬ್ಬರಿದ್ದಾರೆ. ಅವರ ಮುಂದೆ ಈ ಹೆಸರಿಟ್ಟಾಗ ಕಣ್ಣು ಮುಚ್ಚಿ ಒಂದು ನಿಮಿಷ ಕೂತರು. ಆಮೇಲೆ ಹೇಳಿದರು: “ಪಾ ಧಾತುವಿನಿಂದ ಪೇಯ, ಗಾ ಇಂದ ಗೇಯ, ಜ್ಞಾ ಇಂದ ಜ್ಞೇಯ, ದಾ ಇಂದ ದೇಯ. ಹಾಗೆಯೇ ಧಾತುಪಾಠದಲ್ಲಿ ‘ರಾ ದಾನೇ’ ಅಂತ ಒಂದಿದೆಯಲ್ಲ ತಾಯಿ. ಅದಕ್ಕೆ ಯತ್ ಪ್ರತ್ಯಯ ಹಚ್ಚಿದರೆ ರೇಯ ಆಗುತ್ತೆ. ಕೊಡತಕ್ಕದ್ದು ಅಂತ ಅರ್ಥ. ರೇಯಾಂಶ ಅಂದರೆ ಕೊಡಬೇಕಾದ ಪಾಲು.”

ನನಗೆ ಮೈ ಜುಂ ಎಂದಿತು. ಕೊಡಬೇಕಾದ ಪಾಲು! ಮಗುವಿಗೆ ಇದಕ್ಕಿಂತ ಚಂದದ ಅರ್ಥ ಉಂಟೇ? ಮನೆಗೆ ಓಡಿಹೋಗಿ ಮೊಮ್ಮಗನ ಪುಸ್ತಕದಲ್ಲಿ ಬರೆಸಿಬಿಡೋಣ ಅನ್ನಿಸಿತು. ದಾರಿಯುದ್ದಕ್ಕೂ ಅದೇ ಯೋಚನೆ. ಆದರೆ ಮನೆ ಬಾಗಿಲಿಗೆ ಬರುವ ಹೊತ್ತಿಗೆ ಕಾಲು ನಿಧಾನವಾಯಿತು. ಪದವೊಂದು ವ್ಯಾಕರಣದಿಂದ ಹೀಗೆ ಹುಟ್ಟಬಹುದು ಎನ್ನುವುದು ಒಂದು, ಹೀಗೆಯೇ ಹುಟ್ಟಿತು ಎನ್ನುವುದು ಇನ್ನೊಂದು. ಈ ಹೆಸರನ್ನು ಮೊದಲು ಇಟ್ಟವರು ರಾ ಧಾತುವನ್ನು ಎಣಿಸಿ ಇಟ್ಟಿರುವರೇ? ಖಂಡಿತ ಇರಲಾರದು. ಆ ವಿದ್ವಾಂಸರೂ ಹಾಗೆ ಹೇಳಲಿಲ್ಲ. ಆಗುತ್ತದೆ ಎಂದರು ಅಷ್ಟೆ. ನಿಮ್ಮ ಪಟ್ಟಿಯ ಸುಳ್ಳನ್ನು ಅಳಿಸಿ ಅದರ ಜಾಗದಲ್ಲಿ ವ್ಯಾಕರಣ ಬಲ್ಲ ಸುಳ್ಳನ್ನು ಬರೆದರೆ ನಾನು ಮಾಡಿದ್ದಾದರೂ ಏನು?

ಪತಂಜಲಿ ತಮ್ಮ ಮಹಾಭಾಷ್ಯದ ಮೊದಲಲ್ಲೇ ವ್ಯಾಕರಣ ಏಕೆ ಕಲಿಯಬೇಕು ಎಂದು ಕಾರಣಗಳನ್ನು ಹೇಳುವಾಗ, ಮಗುವಿಗೆ ಹೆಸರಿಡುವುದನ್ನೂ ಒಂದು ಕಾರಣವಾಗಿ ಹೇಳುತ್ತಾರೆ. ಹೆಸರು ಗ, ಜ, ದ, ಬದಂಥ ಘೋಷವರ್ಣದಿಂದ ಶುರುವಾಗಬೇಕು, ನಡುವೆ ಯರಲವಗಳಲ್ಲೊಂದು ಇರಬೇಕು, ಎರಡು ಅಥವಾ ನಾಲ್ಕು ಅಕ್ಷರ ಇರಬೇಕು, ಧಾತುವಿನಿಂದ ಹುಟ್ಟಿದ ಕೃದಂತವಾಗಿರಬೇಕು, ನಾಮಪದದಿಂದ ಹುಟ್ಟಿದ ತದ್ಧಿತಾಂತ ಬೇಡ. ವ್ಯಾಕರಣ ಬಾರದವನಿಗೆ ಇವು ತಿಳಿಯುವುದಾದರೂ ಹೇಗೆ ಎನ್ನುತ್ತಾರೆ. ಎರಡು ಸಾವಿರ ವರ್ಷಕ್ಕೂ ಹಿಂದಿನ ಮಾತು. ಅಂದರೆ ಹೆಸರು ಕಟ್ಟುವುದು ನಮ್ಮಲ್ಲಿ ಯಾವತ್ತೂ ತಪ್ಪಾಗಿರಲಿಲ್ಲ, ಅರಿತು ಕಟ್ಟಬೇಕಾದ ಕೆಲಸವಾಗಿತ್ತು.

ಹೊಸ ಹೆಸರು ಎಂದರೆ ಮೂಗು ಮುರಿಯುವವಳು ನಾನಲ್ಲ, ಇದನ್ನು ಸ್ಪಷ್ಟವಾಗಿ ಹೇಳಬೇಕು. ಕುವೆಂಪು ಅವರು ತಮ್ಮ ಎರಡನೆಯ ಮಗನಿಗೆ ಕೋಕಿಲೋದಯ ಚೈತ್ರ ಎಂದು ಹೆಸರಿಟ್ಟರು. ಅದಕ್ಕೆ ಮುಂಚೆ ಆ ಹೆಸರಿನವರು ಯಾರಾದರೂ ಇದ್ದರೆಂದು ನಾನಂತೂ ಕೇಳಿಲ್ಲ. ಗುಣಸಂಧಿ ಪಾಠ ಬಂದಾಗಲೆಲ್ಲ ನಾನು ಕಪ್ಪುಹಲಗೆಯ ಮೇಲೆ ಬರೆಯುತ್ತಿದ್ದದ್ದು ಇದನ್ನೇ: ಕೋಕಿಲ, ಉದಯ, ಕೋಕಿಲೋದಯ. ಮಕ್ಕಳಿಗೆ ಒಮ್ಮೆಗೇ ಹಿಡಿಸುತ್ತಿತ್ತು. ಕೋಗಿಲೆ ದನಿ ಏಳುವ ಚೈತ್ರ. ಅಪ್ಪ ಕಟ್ಟಿದ ಹೆಸರು, ಬಿಡಿಸಿ ನೋಡಿದರೆ ಪ್ರತಿ ಎಳೆಯೂ ಕಾಣುತ್ತದೆ, ಯಾವ ಪುರಾಣದ ಮರೆಯೂ ಬೇಕಾಗಿಲ್ಲ.

ಅರ್ಥ ಚೆನ್ನಾಗಿರಲೇಬೇಕು ಎಂಬ ಹಟವೂ ನಮ್ಮ ಹಿರಿಯರಿಗೆ ಇರಲಿಲ್ಲ. ನನ್ನ ಅಜ್ಜನ ಹೆಸರು ತಿಪ್ಪಣ್ಣ. ಅವರಿಗಿಂತ ಮೊದಲು ಹುಟ್ಟಿದ ಮೂರು ಮಕ್ಕಳು ತೊಟ್ಟಿಲಲ್ಲೇ ಹೋಗಿದ್ದವು. ನಾಲ್ಕನೆಯದು ಹುಟ್ಟಿದಾಗ ಮುತ್ತಜ್ಜಿ ಕೂಸನ್ನು ತಿಪ್ಪೆಯ ಮೇಲೆ ಒಂದು ಗಳಿಗೆ ಮಲಗಿಸಿ ಎತ್ತಿಕೊಂಡು, ಇದು ನನ್ನದಲ್ಲ, ತಿಪ್ಪೆಯಲ್ಲಿ ಸಿಕ್ಕಿದ್ದು ಎಂದು ಸಾವಿಗೆ ಕೇಳುವ ಹಾಗೆ ಹೇಳಿದಳಂತೆ. ಕಲ್ಲಪ್ಪ, ಗುಂಡಪ್ಪ, ಅಡಿವೆಪ್ಪ ಎಂಬ ಹೆಸರುಗಳ ಹಿಂದೆಯೂ ಎಷ್ಟೋ ಮನೆಗಳಲ್ಲಿ ಇಂಥ ಕತೆ ಇರುತ್ತದೆ. ಅಜ್ಜ ಎಂಬತ್ತರವರೆಗೆ ಬದುಕಿದರು. ಯಾರಾದರೂ ಹೆಸರಿನ ಅರ್ಥ ಕೇಳಿದರೆ ಅರ್ಥ ಹೇಳುತ್ತಿರಲಿಲ್ಲ, ಈ ಕತೆ ಹೇಳುತ್ತಿದ್ದರು. ಹೇಳುವಾಗ ತಾಯಿಯ ನೆನಪಿಗೆ ಅವರ ದನಿ ತಗ್ಗುತ್ತಿತ್ತು. ‘ತಿಪ್ಪ ಎಂದರೆ ಸಂಸ್ಕೃತದಲ್ಲಿ ಚಿನ್ನದ ಬೆಟ್ಟ’ ಎಂದು ಯಾರಾದರೂ ಅವರಿಗೆ ಅಚ್ಚಿನಲ್ಲಿ ತೋರಿಸಿದ್ದರೆ ಆ ಮುತ್ತಜ್ಜಿ ಎಲ್ಲಿಗೆ ಹೋಗಬೇಕಿತ್ತು?

ಈ ಯೋಚನೆ ಬಂದ ಮೇಲೆಯೇ ನಾನು ನಿಘಂಟು ಮುಚ್ಚಿಟ್ಟು ಮಗಳಿಗೆ ಫೋನ್ ಮಾಡಿದೆ. ಏಳು ವರ್ಷದ ಹಿಂದೆಯೇ ಕೇಳಬೇಕಾಗಿದ್ದ ಪ್ರಶ್ನೆ. “ಆ ಹೆಸರೇ ಯಾಕಿಟ್ಟೆ ಮಗಳೇ?”

ಅವಳು ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ಹೇಳಿದಳು: “ಅಮ್ಮಾ, ಹೊಟ್ಟೇಲಿದ್ದಾಗ ನಾನು ಅವನನ್ನ ಶ್ರೇಯಸ್ ಅಂತಾನೇ ಕರೀತಿದ್ದೆ. ಯಾರಿಗೂ ಹೇಳಿರಲಿಲ್ಲ. ಆಮೇಲೆ ಜೋಯಿಸರು ಸ್ವಾತಿ ಎರಡನೇ ಪಾದ, ‘ರೇ’ ಅಕ್ಷರದಿಂದಲೇ ಇಡಬೇಕು ಅಂದ್ರು. ನಮ್ಮತ್ತೆಯವರಿಗೆ ಅದರಲ್ಲಿ ನಂಬಿಕೆ. ಮೊಬೈಲಲ್ಲಿ ರೇ ಇಂದ ಶುರುವಾಗೋ ಹೆಸರು ನೋಡ್ತಾ ಹೋದೆ. ರೇಯಾಂಶ್ ಅಂತ ಕಂಡಾಗ ನನ್ನ ಶ್ರೇಯಸ್ಸೇ ಇದರೊಳಗೆ ಇದ್ದಾನೆ ಅನ್ನಿಸ್ತು. ಅರ್ಥ ಓದಲೇ ಇಲ್ಲ.”

ನನಗೆ ಕಣ್ಣು ತುಂಬಿ ಬಂತು. ಮೂರು ನಿಘಂಟು, ಒಂದು ಸಹಸ್ರನಾಮ ಹುಡುಕಿ ನಾನು ಮುಟ್ಟಿದ ಊಹೆಯನ್ನು ನನ್ನ ಮಗಳು ಸಂಧಿ, ಧಾತು ಯಾವುದರ ಗೊಡವೆಯೂ ಇಲ್ಲದೆ ಕಿವಿಯಲ್ಲೇ ಕಂಡುಕೊಂಡಿದ್ದಳು.

‘ರೇ’ ಅಕ್ಷರದ ಕಷ್ಟವೂ ನಿಜವೇ. ಸ್ವಾತಿಯ ನಾಲ್ಕು ಪಾದಕ್ಕೆ ರು, ರೇ, ರೋ, ತ ಎಂದು ಹೇಳುತ್ತಾರೆ. ರೇ ಇಂದ ಶುರುವಾಗುವ ಗಂಡು ಹೆಸರು ಎಷ್ಟಿವೆ ಎಣಿಸಿ ನೋಡಿ: ರೇವಣ್ಣ, ರೇವಣಸಿದ್ಧ, ರೇಣುಕ, ರೇವಂತ. ಮೊದಲೆರಡು ಈಗಿನವರಿಗೆ ಹಳತಾಗಿ ಕೇಳುತ್ತವೆ, ರೇಣುಕ ಹೆಣ್ಣುಮಕ್ಕಳ ಹೆಸರೆಂದುಕೊಳ್ಳುತ್ತಾರೆ. ರೇವಂತ ಪುರಾಣದಲ್ಲಿ ಸೂರ್ಯನ ಮಗ, ಕುದುರೆಗಳ ಒಡೆಯ. ಸೂರ್ಯನ ನಂಟು ಬೇಕೆನ್ನುವವರಿಗೆ ನಿಜವಾದ ಹೆಸರು ಅದು. ಹೀಗೆ ಅಕ್ಷರ ಕೊರತೆಯಾದ ಕಡೆ ಹೊಸ ಹೆಸರು ಚಿಗುರುವುದು ಸಹಜ. ಜೊತೆಗೆ ಚಿಕ್ಕದಾಗಿರಬೇಕು, ತರಗತಿಯಲ್ಲಿ ಇನ್ನೊಬ್ಬನಿಗೆ ಇರಬಾರದು ಎಂಬ ಆಸೆ. ಇದರಲ್ಲಿ ಯಾರ ತಪ್ಪೂ ಇಲ್ಲ.

ತಪ್ಪು ಶುರುವಾಗುವುದು ಅರ್ಥ ಅಂಟಿಸುವಲ್ಲಿ. ನಿಮ್ಮ ಅದೇ ಪಟ್ಟಿಯಲ್ಲಿ ‘ಆರವ್: ಶಾಂತ ಸ್ವಭಾವದವನು’ ಎಂದಿದೆ. ರವ ಎಂದರೆ ದನಿ ಎಂದು ಕನ್ನಡ ಓದಿದ ಯಾವ ಮಗುವಿಗೂ ಗೊತ್ತು. ಹಕ್ಕಿಗಳ ಕಲರವ, ಗುಡಿಯ ಘಂಟಾರವ, ಸದ್ದಿಲ್ಲದ್ದು ನೀರವ. ಆರವ ಎಂದರೆ ಕೂಗು, ಗಟ್ಟಿ ದನಿ. ಶಾಂತಕ್ಕೆ ಸರಿಯಾಗಿ ಎದುರು! ಆ ಹೆಸರಿಟ್ಟವರು ನೊಂದುಕೊಳ್ಳಬೇಕಾಗಿಲ್ಲ. ಎಷ್ಟೋ ವರ್ಷ ಮಗುವಿಲ್ಲದ ಮನೆಯಲ್ಲಿ ಒಂದು ಕೂಗು ಕೇಳಿದರೆ ಅದಕ್ಕಿಂತ ದೊಡ್ಡ ಸಂಭ್ರಮ ಯಾವುದಿದೆ? ನಿಜವಾದ ಅರ್ಥವೇ ಅಷ್ಟು ತುಂಬಿಕೊಂಡಿರುವಾಗ ತಿರುಗಾಮುರುಗಾ ಏಕೆ ಹೇಳಬೇಕು? ಅದೇ ರೀತಿ ಕಿಯಾನ್ ಎಂಬುದಕ್ಕೆ ‘ದೇವರ ಕೃಪೆ, ಸಂಸ್ಕೃತ’ ಎಂದಿದೆ. ಅದು ಪಾರಸಿ ಹೆಸರು. ಕೈಖುಸ್ರೋ, ಕೈಕೋಬಾದ್ ಎಂಬ ಇರಾನಿನ ಪುರಾಣದ ದೊರೆಗಳ ಹೆಸರಿನಲ್ಲಿರುವ ‘ಕೈ’, ಅಂದರೆ ರಾಜ, ಅದಕ್ಕೆ ಮೂಲ. ಪಾರಸಿಯಿಂದ ಬಂದದ್ದನ್ನು ಪಾರಸಿಯೆನ್ನಲು ನಾವು ಅಂಜಬೇಕಾದ್ದಿಲ್ಲ. ನಾವು ದಿನವೂ ಆಡುವ ಕಾಗದ, ದರ್ಜಿ, ಬಜಾರು ಎಲ್ಲ ಎಲ್ಲಿಂದ ಬಂದವು?

ಮಾನ್ಯರೇ, ಅಚ್ಚಾದ ಮಾತಿಗೆ ಇರುವ ತೂಕ ನಿಮಗೆ ನಾನು ಹೇಳಬೇಕಾಗಿಲ್ಲ. ಮೊಬೈಲಿನಲ್ಲಿ ಇಂಥ ಪಟ್ಟಿಗಳು ಒಂದರಿಂದ ಒಂದು ನಕಲಾಗುತ್ತ ಬೆಳೆಯುತ್ತಿವೆ, ಅದನ್ನು ತಡೆಯುವುದು ನಿಮ್ಮ ಕೈಯಲ್ಲಿಲ್ಲ. ಆದರೆ ಪತ್ರಿಕೆಯಲ್ಲಿ ಬಂದರೆ ಮನೆಯಲ್ಲಿ ಕತ್ತರಿಸಿ ಇಟ್ಟುಕೊಳ್ಳುತ್ತಾರೆ, ಮಕ್ಕಳು ಶಾಲೆಗೆ ಒಯ್ಯುತ್ತಾರೆ, ಟೀಚರು ಸರಿ ಎಂದು ಗುರುತು ಹಾಕುತ್ತಾರೆ. ನನ್ನ ಕೋರಿಕೆ ಇಷ್ಟೇ. ಮುಂದಿನ ಪಟ್ಟಿಯನ್ನು ಅಚ್ಚಿಗೆ ಕಳಿಸುವ ಮೊದಲು ನಿಘಂಟು ಬಲ್ಲ ಒಬ್ಬರಿಗೆ ತೋರಿಸಿ. ನಿಘಂಟಿನಲ್ಲಿ ಇಲ್ಲದ ಹೆಸರಿನ ಮುಂದೆ ‘ಹೊಸದಾಗಿ ಕಟ್ಟಿದ ಹೆಸರು’ ಎಂದು ಬರೆಯಿರಿ. ಸಾಧ್ಯವಾದರೆ ಅರ್ಥದ ಪಟ್ಟಿಯ ಬದಲು, ತಮ್ಮ ಮಗುವಿಗೆ ಈ ಹೆಸರು ಹೇಗೆ ಬಂತು ಎಂದು ತಂದೆತಾಯಿಗಳಿಂದಲೇ ಬರೆಸಿ. ನಾಲ್ಕು ಸಾಲು ಸಾಕು. ಅದನ್ನು ಓದಲು ನಾನಂತೂ ಪ್ರತಿ ಭಾನುವಾರ ಕಾಯುತ್ತೇನೆ.

ಮೊಮ್ಮಗನ ಐದು ಸಾಲು ಏನಾಯಿತು ಎಂದು ನೀವು ಕೇಳಬಹುದು. ಅವನಿಗೆ ಅವನ ಅಮ್ಮನೇ ಕತೆ ಹೇಳಿದಳು, ಅವನೇ ಬರೆದ. ಅಕ್ಷರ ತಿದ್ದಿದ್ದು ಮಾತ್ರ ನಾನು. ‘ನನ್ನ ಹೆಸರು ರೇಯಾಂಶ್. ಇದು ಹೊಸ ಹೆಸರು. ನಾನು ಹುಟ್ಟೋ ಮೊದಲು ಅಮ್ಮ ನನ್ನನ್ನು ಶ್ರೇಯಸ್ ಅಂತ ಕರೆಯುತ್ತಿದ್ದಳು. ಆಮೇಲೆ ರೇ ಅಕ್ಷರ ಬಂತು. ಶ್ರೇಯಸ್ ನನ್ನ ಹೆಸರಿನ ಒಳಗೆ ಇದ್ದಾನೆ.’

ಕಳೆದ ವಾರ ನನ್ನ ಚಿಕ್ಕಮ್ಮ ಬಂದಿದ್ದರು, ಎಂಬತ್ತಾರು ವರ್ಷದವರು. ವ್ಯಂಜನದಲ್ಲಿ ನಿಲ್ಲುವ ಹೆಸರು ಅವರ ನಾಲಿಗೆಗೆ ಒಗ್ಗುವುದಿಲ್ಲ. ಬಸ್ಸು, ಕಾರು ಅನ್ನುವ ಹಾಗೆ ಅವನನ್ನು ‘ರೇಯಾಂಶು, ಬಾರೋ ಇಲ್ಲಿ’ ಎಂದು ಕರೆದರು. ಹುಡುಗ ಓಡಿಬಂದು ನನ್ನ ಕಿವಿಯಲ್ಲಿ ಕೇಳಿದ: “ಅಜ್ಜಿ, ಅಂಶು ಅಂದ್ರೆ ಕಿರಣ ಅಂದಿದ್ದೆ ಅಲ್ವಾ? ಮುತ್ತಜ್ಜಿ ಕರೆದಾಗ ಮಾತ್ರ ಅದೂ ಸೇರಿಸಿಕೊಳ್ಳಬಹುದಾ?”

ಸೇರಿಸಿಕೋ ಎಂದಿದ್ದೇನೆ.

ಇಂತಿ,
ರೇಯಾಂಶನ ಅಜ್ಜಿ,
ನಿವೃತ್ತ ಕನ್ನಡ ಶಿಕ್ಷಕಿ